ಲೈನ್‌ಬ್ಯಾಕರ್‌ನ ವೃತ್ತಿಯನ್ನು ವೀಡಿಯೊದಲ್ಲಿ ಓದುವ ಬಗೆ: ಲ್ಯೂಕ್ ಕೀಕ್ಲಿಯ ಎಂಟು ಸೀಸನ್

ಅಮೆರಿಕನ್ ಫುಟ್‌ಬಾಲ್‌ನಲ್ಲಿ ಲೈನ್‌ಬ್ಯಾಕರ್ (ರಕ್ಷಣೆಯ ಮುಂಚೂಣಿ ಸಾಲಿನ ಹಿಂದೆ ನಿಲ್ಲುವ ಆಟಗಾರ) ಎಷ್ಟು ಒಳ್ಳೆಯವನು ಎಂದು ಕೇಳಿದರೆ ಎಲ್ಲರೂ ಮೊದಲು ತೆಗೆಯುವುದು ಟ್ಯಾಕಲ್ ಲೆಕ್ಕ, ಅಂದರೆ ಚೆಂಡು ಹಿಡಿದವನನ್ನು ಎಷ್ಟು ಸಲ ಕೆಡವಿದ ಎಂಬುದು. ಅಮೆರಿಕದ ವೃತ್ತಿಪರ ಲೀಗ್ ಆದ ಎನ್‌ಎಫ್‌ಎಲ್‌ನಲ್ಲಿ ಟ್ಯಾಕಲ್ ಅಧಿಕೃತ ಅಂಕಿಯೇ ಅಲ್ಲ. ಪಂದ್ಯ ನಡೆಯುವ ಮೈದಾನದ ಲೆಕ್ಕಿಗರು ನೋಡಿ ಬರೆದುಕೊಳ್ಳುವ ಎಣಿಕೆ ಅದು. ಇಬ್ಬರು ಸೇರಿ ಕೆಡವಿದಾಗ ಯಾರ ಹೆಸರಿಗೆ ಸೋಲೋ, ಯಾರ ಹೆಸರಿಗೆ ಅಸಿಸ್ಟ್ ಎಂಬುದು ಮೈದಾನದಿಂದ ಮೈದಾನಕ್ಕೆ ಬದಲಾಗುತ್ತದೆ. ಇದಕ್ಕಿಂತ ದೊಡ್ಡ ತೊಂದರೆ ಇನ್ನೊಂದಿದೆ. ಆಟ ಶುರುವಾಗುವಾಗ ಚೆಂಡಿರುವ ಸ್ಕ್ರಿಮೇಜ್ ಗೆರೆಯಲ್ಲೇ ಹಿಡಿದರೂ ಒಂದು ಟ್ಯಾಕಲ್, 8 ಯಾರ್ಡ್ ಬಿಟ್ಟುಕೊಟ್ಟು ಹಿಂದಿನಿಂದ ಹಿಡಿದರೂ ಒಂದು ಟ್ಯಾಕಲ್. ಕಳಪೆ ತಂಡದ ಲೈನ್‌ಬ್ಯಾಕರ್‌ಗೆ ಹಿಡಿಯುವ ಅವಕಾಶವೇ ಹೆಚ್ಚು.

ಹಾಗಾಗಿ ನಾನು ಲೈನ್‌ಬ್ಯಾಕರ್‌ಗಳನ್ನು ವೀಡಿಯೊದಿಂದ ಓದುತ್ತೇನೆ, ಒಂದೊಂದು ಪ್ಲೇಗೆ (ಚೆಂಡು ಆಟಕ್ಕೆ ಬಂದು ನಿಲ್ಲುವವರೆಗಿನ ಒಂದು ಯತ್ನ) ಶೀಟಿನಲ್ಲಿ ಒಂದೊಂದು ಸಾಲು ಬರೆದು. ಈ ಕ್ರಮ ಕಲಿಯಲು ಕೆರೊಲಿನಾ ಪ್ಯಾಂಥರ್ಸ್‌ನ ಲ್ಯೂಕ್ ಕೀಕ್ಲಿಗಿಂತ ಒಳ್ಳೆಯ ಆಟಗಾರ ಸಿಗಲಾರರು. ಕಾರಣ ಸರಳ. ಕೋಚ್‌ಗಳು ನೋಡುವ ಆಲ್-22 ವೀಡಿಯೊವನ್ನು ಎನ್‌ಎಫ್‌ಎಲ್ ಸಾರ್ವಜನಿಕರಿಗೆ ಕೊಡಲು ಶುರುಮಾಡಿದ್ದು 2012ರಲ್ಲಿ. ಕೀಕ್ಲಿ ಡ್ರಾಫ್ಟ್‌ನಲ್ಲಿ (ತಂಡಗಳು ಕಾಲೇಜು ಆಟಗಾರರನ್ನು ಸರದಿಯಂತೆ ಆರಿಸಿಕೊಳ್ಳುವ ಕ್ರಮ) 9ನೆಯವರಾಗಿ ಆಯ್ಕೆಯಾದದ್ದೂ ಅದೇ ವರ್ಷ. 2020ರ ಜನವರಿಯಲ್ಲಿ 28ನೇ ವಯಸ್ಸಿಗೇ ನಿವೃತ್ತರಾದರು. ಇಡೀ ವೃತ್ತಿ, 118 ಲೀಗ್ ಪಂದ್ಯಗಳು, ಆಲ್-22 ಕಾಲದ ಒಳಗೇ ಬರುತ್ತವೆ.

ಆಲ್-22 ಎಂದರೆ ಇಪ್ಪತ್ತೆರಡು ಆಟಗಾರರೂ ಒಂದೇ ಚೌಕಟ್ಟಿನಲ್ಲಿ ಕಾಣುವ ದೃಶ್ಯ. ಟಿವಿ ಕ್ಯಾಮೆರಾ ಚೆಂಡಿನ ಹಿಂದೆ ಓಡುತ್ತದೆ. ಚೆಂಡಿಲ್ಲದ ಕಡೆ ಲೈನ್‌ಬ್ಯಾಕರ್ ಏನು ಮಾಡಿದ ಎಂಬುದು ಅಲ್ಲಿ ಕಾಣುವುದೇ ಇಲ್ಲ. ಆಲ್-22ರಲ್ಲಿ ಪ್ರತಿ ಪ್ಲೇಗೂ ಎರಡು ಕೋನ: ಮೈದಾನದ ಪಕ್ಕದಿಂದ ಎತ್ತರದ ಸೈಡ್‌ಲೈನ್ ನೋಟ, ಗೋಲ್‌ಪೋಸ್ಟ್ ಹಿಂದಿನಿಂದ ಎಂಡ್ ಝೋನ್ ನೋಟ. ಸೈಡ್‌ಲೈನ್ ನೋಟದಲ್ಲಿ ಆಳವನ್ನೂ ಪಾಸ್ ರಕ್ಷಣೆಯನ್ನೂ ಅಳೆಯುತ್ತೇನೆ. ಗ್ಯಾಪ್‌ಗಳನ್ನೂ (ಸಾಲಿನ ಆಟಗಾರರ ನಡುವಿನ ಸಂದುಗಳು) ಬ್ಲಾಕ್‌ಗಳನ್ನೂ (ಎದುರಾಳಿಗೆ ಅಡ್ಡ ಬಂದು ತಡೆಯುವುದು) ಎಂಡ್ ಝೋನ್ ನೋಟದಲ್ಲಷ್ಟೇ ಸರಿಯಾಗಿ ಓದಲು ಸಾಧ್ಯ. ಮೂರನೆಯದಾಗಿ ಟಿವಿ ಪ್ರಸಾರವನ್ನೂ ಪಕ್ಕದಲ್ಲಿಟ್ಟುಕೊಳ್ಳಬೇಕು, ಏಕೆಂದರೆ ಆಲ್-22ಗೆ ಧ್ವನಿ ಇಲ್ಲ, ಸ್ಕೋರ್ ಪಟ್ಟಿಯೂ ಇಲ್ಲ. ಭಾರತದಿಂದ ನೇರ ಪ್ರಸಾರ ನೋಡುವವರಿಗೆ ಒಂದು ಮಾತು: ಅಮೆರಿಕದ ಪೂರ್ವ ಕರಾವಳಿಯ ಭಾನುವಾರ ಮಧ್ಯಾಹ್ನ 1 ಗಂಟೆಯ ಪಂದ್ಯ ನಮಗೆ ಅದೇ ರಾತ್ರಿ 10:30ಕ್ಕೆ, ನವೆಂಬರ್‌ನಲ್ಲಿ ಅಲ್ಲಿನ ಗಡಿಯಾರ ಹಿಂದೆ ಸರಿದ ಮೇಲೆ 11:30ಕ್ಕೆ.

ಶೀಟಿನ ಎಡಭಾಗದಲ್ಲಿ ಸ್ನ್ಯಾಪ್‌ಗೆ (ಸಾಲಿನ ನಡುವಿನ ಸೆಂಟರ್ ಚೆಂಡನ್ನು ಹಿಂದಕ್ಕೆ ಕೊಟ್ಟು ಪ್ಲೇ ಶುರುಮಾಡುವುದು) ಮುಂಚಿನ ಸಂಗತಿಗಳು: ಕ್ವಾರ್ಟರ್, ಉಳಿದ ಸಮಯ, ಎಷ್ಟನೇ ಡೌನ್ (ತಂಡಕ್ಕೆ ಸಿಗುವ ಯತ್ನಗಳಲ್ಲಿ ಎಷ್ಟನೆಯದು), ಎಷ್ಟು ಯಾರ್ಡ್ ಬೇಕು, ಚೆಂಡು ಎಲ್ಲಿದೆ, ಯಾವ ಹ್ಯಾಶ್ (ಮೈದಾನದ ಉದ್ದಕ್ಕೂ ಇರುವ ಸಣ್ಣ ಗೀಟುಗಳ ಸಾಲು) ಮೇಲಿದೆ. ಆಮೇಲೆ ಎದುರಾಳಿಯ ಪರ್ಸನೆಲ್, ಅಂದರೆ ಮೈದಾನಕ್ಕಿಳಿದವರಲ್ಲಿ ಯಾವ ಬಗೆಯವರು ಎಷ್ಟು ಎಂಬುದು. ಇದಕ್ಕೆ ಎರಡಂಕಿಯ ಸಂಖ್ಯೆ ಸಾಕು, ಮೊದಲ ಅಂಕಿ ರನ್ನಿಂಗ್ ಬ್ಯಾಕ್‌ಗಳು (ಚೆಂಡು ಹಿಡಿದು ಓಡುವವರು), ಎರಡನೆಯದು ಟೈಟ್ ಎಂಡ್‌ಗಳು (ಬ್ಲಾಕ್ ಮಾಡುವ, ಪಾಸೂ ಹಿಡಿಯುವವರು). 11 ಎಂದರೆ ಒಬ್ಬ ಬ್ಯಾಕ್, ಒಬ್ಬ ಟೈಟ್ ಎಂಡ್, ಉಳಿದ ಮೂವರು ಪಾಸ್ ಹಿಡಿಯುವ ರಿಸೀವರ್‌ಗಳು. 21 ಬಂದರೆ ಮುಖ್ಯವಾಗಿ ಬ್ಲಾಕ್ ಮಾಡುವ ಫುಲ್‌ಬ್ಯಾಕ್ ಇದ್ದಾನೆ ಎಂದು ಅರ್ಥ, ಲೈನ್‌ಬ್ಯಾಕರ್ ಮೈಗೆ ಮೈ ಕೊಡಬೇಕಾದ ದಿನ ಅದು. ನಂತರ ರಕ್ಷಣೆಯಲ್ಲಿ ಎಷ್ಟು ಲೈನ್‌ಬ್ಯಾಕರ್‌ಗಳು ಉಳಿದಿದ್ದಾರೆ ಎಂದು ಬರೆಯುತ್ತೇನೆ. ನಿಕಲ್ ಎಂಬ ರಚನೆಯಲ್ಲಿ ಐದನೇ ಡಿಫೆನ್ಸಿವ್ ಬ್ಯಾಕ್ (ಪಾಸ್ ತಡೆಯುವ ಹಿಂಬದಿಯ ಆಟಗಾರ) ಬಂದಾಗ ಪ್ಯಾಂಥರ್ಸ್ ಮೈದಾನದಲ್ಲಿ ಉಳಿಸಿಕೊಳ್ಳುತ್ತಿದ್ದದ್ದು ಕೀಕ್ಲಿ ಮತ್ತು ಥಾಮಸ್ ಡೇವಿಸ್ ಇಬ್ಬರನ್ನು.

ಇನ್ನು ಲೈನ್‌ಬ್ಯಾಕರ್ ನಿಂತ ಜಾಗ. ಆಳವನ್ನು ಅಳೆಯಲು ಪ್ರತಿ 5 ಯಾರ್ಡಿಗೊಂದು ಅಡ್ಡಗೆರೆಯೂ ಪ್ರತಿ ಯಾರ್ಡಿಗೊಂದು ಹ್ಯಾಶ್ ಗುರುತೂ ಇವೆ. ಮಧ್ಯದ ಲೈನ್‌ಬ್ಯಾಕರ್ ಸಾಮಾನ್ಯವಾಗಿ 4ರಿಂದ 5 ಯಾರ್ಡ್ ಹಿಂದೆ ನಿಲ್ಲುತ್ತಾನೆ. ಮೂರನೇ ಡೌನ್‌ಗೆ ದೂರ ಹೆಚ್ಚಿದ್ದರೆ ಇನ್ನೂ ಹಿಂದೆ. ಅಳೆಯುವುದು ಅವನ ಹಿಮ್ಮಡಿಯಿಂದ ಚೆಂಡಿನವರೆಗೆ. ಅಡ್ಡಜಾಗಕ್ಕೆ ಕೋಚ್‌ಗಳ ಸಂಖ್ಯೆಗಳನ್ನೇ ಬಳಸುತ್ತೇನೆ. ಡಿಫೆನ್ಸಿವ್ ಲೈನ್‌ನವನು ಗಾರ್ಡ್‌ನ (ಆಕ್ರಮಣದ ಸಾಲಿನಲ್ಲಿ ಸೆಂಟರ್‌ನ ಪಕ್ಕದವನು) ಹೊರಭುಜಕ್ಕೆ ನಿಂತರೆ 3, ಲೈನ್‌ಬ್ಯಾಕರ್ ಅದೇ ನೇರದಲ್ಲಿ ಹಿಂದೆ ನಿಂತರೆ 30. ಎಡ, ಬಲ ಯಾವಾಗಲೂ ಆಕ್ರಮಣ ತಂಡದ ದೃಷ್ಟಿಯಿಂದಲೇ ಇರಲಿ. ಎಂಡ್ ಝೋನ್ ಕ್ಯಾಮೆರಾ ರಕ್ಷಣೆಯ ಹಿಂದಿನಿಂದ ತೋರಿಸುವಾಗ ಎಡ ಬಲ ತಿರುಗಿ ಕಾಣುತ್ತದೆ. ಇದನ್ನು ಮೊದಲೇ ನಿಗದಿ ಮಾಡದಿದ್ದರೆ ಒಂದು ಪಂದ್ಯದ ಶೀಟು ಪೂರ್ತಿ ಕೆಡುತ್ತದೆ.

ಶೀಟಿನ ಜೀವ ಇರುವುದು ಮೊದಲ ಹೆಜ್ಜೆಯ ಕಾಲಂನಲ್ಲಿ. ಸೆಂಟರ್‌ನ ಕೈಯಲ್ಲಿ ಚೆಂಡು ಅಲುಗಿದ ಚೌಕಟ್ಟು ಸೊನ್ನೆ. ಅಲ್ಲಿಂದ ಒಂದೊಂದೇ ಚೌಕಟ್ಟು ಮುಂದೆ ಸರಿಸಿ, ಲೈನ್‌ಬ್ಯಾಕರ್‌ನ ಕಾಲು ಒಂದು ದಿಕ್ಕಿನಲ್ಲಿ ನೆಲಕ್ಕೆ ಊರುವವರೆಗೆ ಎಣಿಸಬೇಕು. ವೀಡಿಯೊ ಸೆಕೆಂಡಿಗೆ 30 ಚೌಕಟ್ಟಿನದಾದರೆ 6 ಚೌಕಟ್ಟು ಎಂದರೆ ಸೆಕೆಂಡಿನ ಐದನೇ ಒಂದು ಭಾಗ. ಕಾಲು ಎತ್ತಿದ ಕ್ಷಣವನ್ನು ಲೆಕ್ಕಕ್ಕೆ ಹಿಡಿಯಬೇಡಿ. ಬಹಳ ಜನ ಸ್ನ್ಯಾಪ್ ಆದಾಗ ನಿಂತಲ್ಲೇ ಕಾಲು ಕುಣಿಸುತ್ತಾರೆ, ಅದು ನಿರ್ಧಾರವಲ್ಲ. ಊರಿದ ಹೆಜ್ಜೆ ಮುಂದಕ್ಕೋ, ಪಕ್ಕಕ್ಕೋ, ಹಿಂದಕ್ಕೋ ಎಂದು ಪಕ್ಕದ ಕಾಲಂನಲ್ಲಿ ಬರೆಯಬೇಕು. ಅದರ ಪಕ್ಕದಲ್ಲೇ ಅದು ಸರಿಯೋ ತಪ್ಪೋ.

ಸರಿ ತಪ್ಪು ತಿಳಿಯಲು ಅವನು ನೋಡುತ್ತಿದ್ದದ್ದು ಏನು ಎಂದು ಗೊತ್ತಿರಬೇಕು. ಹೊಸಬರು ಪಾಸ್ ಎಸೆಯುವ ಕ್ವಾರ್ಟರ್‌ಬ್ಯಾಕ್‌ನನ್ನು ನೋಡುತ್ತಾರೆ. ಮಧ್ಯದ ಲೈನ್‌ಬ್ಯಾಕರ್ ನೋಡುವುದು ಗಾರ್ಡ್‌ಗಳನ್ನು, ಅವರ ಮೂಲಕ ಹಿಂದಿನ ರನ್ನಿಂಗ್ ಬ್ಯಾಕ್‌ನನ್ನು. ಗಾರ್ಡ್‌ನ ಹೆಲ್ಮೆಟ್ ತಗ್ಗಿ ಮುಂದಕ್ಕೆ ನುಗ್ಗಿದರೆ ಓಟ. ಹೆಲ್ಮೆಟ್ ಮೇಲೆದ್ದು ಅವನು ಹಿಂದಕ್ಕೆ ಕೂತರೆ ಪಾಸ್. ಸಾಲು ಬಿಟ್ಟು ಪಕ್ಕಕ್ಕೆ ಓಡಿದರೆ ಪವರ್ ಅಥವಾ ಕೌಂಟರ್ ಎಂಬ ಬಗೆಯ ಓಟ, ಆ ಗಾರ್ಡ್ ಹೋದ ಕಡೆಗೇ ಚೆಂಡೂ ಬರುತ್ತದೆ. ಬ್ಯಾಕ್ ಒಂದು ಕಡೆ ಹೆಜ್ಜೆ ಇಟ್ಟು ಗಾರ್ಡ್ ಇನ್ನೊಂದು ಕಡೆ ಓಡಿದರೆ ಗಾರ್ಡ್‌ನನ್ನೇ ನಂಬಬೇಕು. ಕೌಂಟರ್ ಪ್ಲೇಯಲ್ಲಿ ಬ್ಯಾಕ್‌ನ ಮೊದಲ ಹೆಜ್ಜೆ ಇರುವುದೇ ಲೈನ್‌ಬ್ಯಾಕರ್‌ನನ್ನು ತಪ್ಪು ದಾರಿಗೆ ಎಳೆಯಲು.

ಇನ್‌ಸೈಡ್ ಝೋನ್ ಎಂಬ ಮಾಮೂಲಿ ಓಟವನ್ನು ಹತ್ತಿರದಿಂದ ನೋಡೋಣ. ಸೆಂಟರ್ ಮತ್ತು ಗಾರ್ಡ್ ಸೇರಿ ರಕ್ಷಣೆಯ ಸಾಲಿನ ನಡುವೆ ನಿಂತ ನಮ್ಮ ನೋಸ್ ಟ್ಯಾಕಲ್‌ನನ್ನು ಒಟ್ಟಿಗೆ ತಳ್ಳುತ್ತಾರೆ. ಇಬ್ಬರ ಸೊಂಟಗಳೂ ಅಂಟಿಕೊಂಡಿರುತ್ತವೆ, ಆದರೆ ನಾಲ್ಕೂ ಕಣ್ಣು ಲೈನ್‌ಬ್ಯಾಕರ್ ಮೇಲೆ. ಅವನು ಬೇಗ ನುಗ್ಗಿದರೆ ಒಬ್ಬ ಕೂಡಲೇ ಬಿಡಿಸಿಕೊಂಡು ಅವನಿಗೆ ಎದುರಾಗುತ್ತಾನೆ. ಒಬ್ಬೊಬ್ಬರೂ 136 ಕೆ.ಜಿ.ಗಿಂತ ಹೆಚ್ಚು ತೂಗುವ ಲೈನ್‌ಮನ್‌ಗಳು; ಕೀಕ್ಲಿ ಡ್ರಾಫ್ಟ್ ಪರೀಕ್ಷೆಯಲ್ಲಿ ತೂಗಿದ್ದು 242 ಪೌಂಡ್, ಸುಮಾರು 110 ಕೆ.ಜಿ. ಎದೆಗೆ ಎದೆ ಕೊಟ್ಟರೆ ಸೋಲು ಖಚಿತ. ಅವನು ತಡಮಾಡಿದರೆ ಇಬ್ಬರೂ ನೋಸ್‌ನನ್ನು ಅವನ ಮಡಿಲಿಗೇ ತಂದು ಹಾಕುತ್ತಾರೆ. ಸರಿಯಾದ ಉತ್ತರ ಈ ಎರಡರ ನಡುವಿನ ಒಂದು ಸಣ್ಣ ಹೆಜ್ಜೆ: ಪಕ್ಕಕ್ಕೆ, ತನ್ನ ಗ್ಯಾಪ್‌ನ ನೇರಕ್ಕೆ, ಭುಜಗಳು ಗೆರೆಗೆ ಸಮಾನಾಂತರವಾಗಿ. ಬ್ಯಾಕ್ ಗ್ಯಾಪ್ ಆರಿಸಿದ ಮೇಲೆ ಮಾತ್ರ ಮುನ್ನುಗ್ಗುವುದು. ಬ್ಲಾಕರ್ ತಲುಪುವ ಮುಂಚೆ ಅವನ ಒಳಭುಜಕ್ಕೆ ಕೈ ಹಾಕಿ, ಹೊರಗಿನ ಕೈಯನ್ನು ಖಾಲಿ ಇಟ್ಟುಕೊಳ್ಳುವುದು. ಕೀಕ್ಲಿಯ ವೀಡಿಯೊದಲ್ಲಿ ಎಂಡ್ ಝೋನ್ ನೋಟ ನಿಲ್ಲಿಸಿ ನೋಡಿ, ಭುಜಗಳು ತಿರುಗಿಯೇ ಇರುವುದಿಲ್ಲ. ಈ ಗುಣವನ್ನು 40 ಯಾರ್ಡ್ ಓಟದ ಗಡಿಯಾರ ಹೇಳುವುದಿಲ್ಲ. ಅವರ 4.58 ಸೆಕೆಂಡ್ ಆ ತೂಕಕ್ಕೆ ವೇಗವೇ, ಆದರೆ ಅವರು ಬೇಗ ತಲುಪುತ್ತಿದ್ದದ್ದು ಬೇಗ ಹೊರಡುತ್ತಿದ್ದುದರಿಂದ.

ಪಾಸ್‌ನಲ್ಲಿ ಅಳತೆ ಬೇರೆ. ಟ್ಯಾಂಪಾ 2 ಎಂಬ ರಕ್ಷಣೆಯಲ್ಲಿ, ತೀರ ಹಿಂದೆ ನಿಲ್ಲುವ ಇಬ್ಬರು ಸೇಫ್ಟಿಗಳ ನಡುವಿನ ಖಾಲಿ ಜಾಗ ತುಂಬಲು ಮಧ್ಯದ ಲೈನ್‌ಬ್ಯಾಕರ್ 15 ಯಾರ್ಡಿಗೂ ಹಿಂದಕ್ಕೆ ಓಡಬೇಕು, ಓಡುತ್ತಲೇ ಕ್ವಾರ್ಟರ್‌ಬ್ಯಾಕ್‌ನ ಮೇಲೂ ಒಂದು ಕಣ್ಣಿಡಬೇಕು. ಚೆಂಡು ಕೈಬಿಟ್ಟ ಚೌಕಟ್ಟಿನಲ್ಲಿ ಅವನು ಎಷ್ಟು ಆಳದಲ್ಲಿದ್ದ, ಹತ್ತಿರದ ರಿಸೀವರ್‌ನಿಂದ ಎಷ್ಟು ದೂರ, ಸೊಂಟ ಯಾವ ಕಡೆ ತಿರುಗಿತ್ತು, ಈ ಮೂರನ್ನು ಬರೆಯುತ್ತೇನೆ. ಅವನ ಕಡೆ ಚೆಂಡು ಬಾರದಿದ್ದರೂ ಬರೆಯಬೇಕು. ಎಸೆಯದೇ ಬಿಟ್ಟ ಪಾಸ್ ಕೂಡ ಲೈನ್‌ಬ್ಯಾಕರ್‌ನ ಗಳಿಕೆಯೇ. ಪ್ಲೇ-ಆಕ್ಷನ್‌ಗೆ, ಅಂದರೆ ಓಟದಂತೆ ನಟಿಸಿ ಪಾಸ್ ಎಸೆಯುವ ಪ್ಲೇಗೆ, ಪ್ರತ್ಯೇಕ ಗುರುತು ಹಾಕಿ. ಅಲ್ಲಿ ಗಾರ್ಡ್ ಬೇಕೆಂದೇ ತಗ್ಗಿ ನುಗ್ಗುತ್ತಾನೆ, ಹಾಗಾಗಿ ಲೈನ್‌ಬ್ಯಾಕರ್ ಮುಂದಕ್ಕಿಟ್ಟ ಹೆಜ್ಜೆಯನ್ನು ತಪ್ಪೆಂದು ಎಣಿಸುವುದು ಅನ್ಯಾಯ. ಎಷ್ಟನೇ ಹೆಜ್ಜೆಗೆ ಮೋಸ ತಿಳಿದು ತಿರುಗಿದ ಎಂಬುದನ್ನಷ್ಟೇ ಎಣಿಸಬೇಕು. ಎರಡನೇ ಹೆಜ್ಜೆಗೆ ತಿರುಗುವವನು ಬಚಾವಾಗುತ್ತಾನೆ, ಮೂರನೆಯದು ಊರಿದವನ ತಲೆಯ ಮೇಲಿಂದ ಚೆಂಡು ಹೋಗಿಯಾಗಿರುತ್ತದೆ.

ಸ್ನ್ಯಾಪ್‌ಗೆ ಮುಂಚಿನ ಮಾತುಗಳೂ ಶೀಟಿಗೆ ಬರಬೇಕು. 2008ರಿಂದ ರಕ್ಷಣೆಯ ಒಬ್ಬ ಆಟಗಾರನ ಹೆಲ್ಮೆಟ್‌ನಲ್ಲಿ ಕೋಚ್‌ನ ಸೂಚನೆ ಕೇಳುವ ರೇಡಿಯೊ ಇರುತ್ತದೆ, ಹಿಂಭಾಗದಲ್ಲಿ ಹಸಿರು ಚುಕ್ಕೆ ಅಂಟಿಸಿರುತ್ತಾರೆ. ಸ್ನ್ಯಾಪ್‌ಗೆ ಉಳಿದ ಸಮಯ ಎಣಿಸುವ ಪ್ಲೇ ಗಡಿಯಾರದಲ್ಲಿ 15 ಸೆಕೆಂಡ್ ಉಳಿದಾಗ ಆ ರೇಡಿಯೊ ಕಡಿತವಾಗುತ್ತದೆ. ಆಮೇಲೆ ಎದುರಾಳಿ ಸಾಲು ಬದಲಿಸಿದರೆ, ರಿಸೀವರ್ ಅಡ್ಡ ಓಡಿದರೆ, ಉಳಿದ ಹತ್ತು ಮಂದಿಯನ್ನು ಸರಿಪಡಿಸುವುದು ಮಧ್ಯದ ಲೈನ್‌ಬ್ಯಾಕರ್‌ನ ಕಂಠ ಮತ್ತು ಕೈಸನ್ನೆ. ಕೀಕ್ಲಿ ಎದುರಾಳಿಯ ಪ್ಲೇಯನ್ನು ಸ್ನ್ಯಾಪ್‌ಗೆ ಮುಂಚೆಯೇ ಕೂಗಿ ಹೇಳುತ್ತಿದ್ದದ್ದು ಟಿವಿ ಪ್ರಸಾರದ ಮೈಕ್‌ಗಳಲ್ಲೇ ಕೇಳಿಸುತ್ತದೆ. ಅವರು ಯಾರನ್ನು ತಟ್ಟಿ ಸರಿಸಿದರು, ಆ ಪ್ಲೇ ಅಲ್ಲಿಗೇ ಬಂತೇ ಎಂದು ಒಂದು ಕಾಲಂ ಇಡಿ. ಈ ಒಂದು ಕಾಲಂ ಅವರನ್ನು ಉಳಿದವರಿಂದ ಬೇರ್ಪಡಿಸುತ್ತದೆ.

ಎಡವುವ ಜಾಗಗಳು ಕೆಲವಿವೆ. ಕೀಕ್ಲಿಯ ಅಂಗಿ 59, ಡೇವಿಸ್‌ರದ್ದು 58. ದೂರದ ಕ್ಯಾಮೆರಾದಲ್ಲಿ ಎರಡೂ ಒಂದೇ. ಸ್ನ್ಯಾಪ್‌ಗೆ ಮುಂಚೆ ಕೈ ಬೀಸುತ್ತಿರುವವರು ಯಾರು ಎಂದು ನೋಡಿ ಗುರುತಿಸಿ, ಮತ್ತೆ ಎಂಡ್ ಝೋನ್ ನೋಟದಲ್ಲಿ ಖಚಿತಪಡಿಸಿಕೊಳ್ಳಿ. ಪೆನಾಲ್ಟಿಯಿಂದ ರದ್ದಾದ ಪ್ಲೇಗಳು ವೀಡಿಯೊದಲ್ಲಿ ಇರುತ್ತವೆ, ಅಂಕಿಪಟ್ಟಿಯಲ್ಲಿ ಬೇರೆ ಥರ ಬರುತ್ತವೆ. ಸಾಲುಗಳು ಒಂದರಿಂದ ಒಂದು ಜಾರಿದರೆ ಡೌನ್‌ಗಳೆಲ್ಲ ತಪ್ಪುತ್ತವೆ. ಪ್ರತಿ ಕ್ವಾರ್ಟರ್ ಕೊನೆಗೆ ತಾಳೆ ನೋಡುವುದು ಒಳ್ಳೆಯದು. ಎಲ್ಲಕ್ಕಿಂತ ಮುಖ್ಯ, ಕೋಚ್ ಕೊಟ್ಟ ಜವಾಬ್ದಾರಿ ನಮಗೆ ಕಾಣುವುದಿಲ್ಲ. ಗ್ಯಾಪ್ ಯಾರದೆಂದು ಸ್ಪಷ್ಟವಿಲ್ಲದ ಕಡೆ ಪ್ರಶ್ನಾರ್ಥಕ ಚಿಹ್ನೆ ಹಾಕಿ ಮುಂದೆ ಹೋಗಿ. ಊಹೆಯಿಂದ ತುಂಬಿದ ಶೀಟಿಗಿಂತ ಖಾಲಿ ಇರುವ ಶೀಟು ಮೇಲು.

ಹೀಗೆ ಓದುವಾಗ ಕೀಕ್ಲಿಯ ವೃತ್ತಿಯ ತಿರುವುಗಳು ತಾವಾಗಿ ಎದ್ದು ಕಾಣುತ್ತವೆ. ಬಾಸ್ಟನ್ ಕಾಲೇಜಿನಿಂದ ಬಂದ ಅವರು 2012ರಲ್ಲಿ ಶುರುಮಾಡಿದ್ದು ಹೊರಗಿನ ಲೈನ್‌ಬ್ಯಾಕರ್ ಆಗಿ. ನಾಲ್ಕು ಪಂದ್ಯಗಳಾದ ಮೇಲೆ ಮಧ್ಯದ ಲೈನ್‌ಬ್ಯಾಕರ್ ಜಾನ್ ಬೀಸನ್ ಗಾಯಗೊಂಡು ಹೊರಬಿದ್ದರು, ಕೀಕ್ಲಿ ಮಧ್ಯಕ್ಕೆ ಬಂದರು. ಒಂದೇ ಸೀಸನ್, ಒಬ್ಬರೇ ಆಟಗಾರ, ಎರಡು ಜಾಗ. ಹೋಲಿಸಲು ಇದಕ್ಕಿಂತ ಅನುಕೂಲ ಬೇರಿಲ್ಲ. ಆ ವರ್ಷ ಅವರಿಗೆ ಹೊಸಬರ ಪೈಕಿ ಶ್ರೇಷ್ಠ ರಕ್ಷಣಾ ಆಟಗಾರ ಪ್ರಶಸ್ತಿ, ಮರುವರ್ಷ ಇಡೀ ಲೀಗ್‌ನ ಶ್ರೇಷ್ಠ ರಕ್ಷಣಾ ಆಟಗಾರ ಪ್ರಶಸ್ತಿ. 2013ರ ಆ ಜಿಗಿತದ ಜತೆಗೆ ಇನ್ನೊಂದನ್ನೂ ನೋಡಬೇಕು: ಅದೇ ವರ್ಷದ ಡ್ರಾಫ್ಟ್‌ನ ಮೊದಲ ಎರಡು ಸುತ್ತಿನಲ್ಲಿ ತಂಡ ಸ್ಟಾರ್ ಲೊಟುಲೆಲೆ, ಕವಾನ್ ಶಾರ್ಟ್ ಎಂಬ ಇಬ್ಬರು ಡಿಫೆನ್ಸಿವ್ ಟ್ಯಾಕಲ್‌ಗಳನ್ನು ತಂದಿತ್ತು. ಮುಂದಿರುವವರು ಇಬ್ಬಿಬ್ಬರು ಬ್ಲಾಕರ್‌ಗಳನ್ನು ಹಿಡಿದಿಟ್ಟರೆ ಹಿಂದಿನವನ ದಾರಿ ಚೊಕ್ಕಟ. ಲೈನ್‌ಬ್ಯಾಕರ್‌ನ ಶೀಟಿನಲ್ಲಿ 'ಬ್ಲಾಕರ್ ತಲುಪಿದನೇ' ಎಂಬ ಕಾಲಂ ಇರಬೇಕಾದದ್ದು ಇದಕ್ಕೇ.

2018ರಲ್ಲಿ 130 ಟ್ಯಾಕಲ್, ಅದರಲ್ಲಿ 20 ಗೆರೆಯ ಹಿಂದೆ. 2019ರಲ್ಲಿ 144. ಎಣಿಕೆ ನೋಡಿದರೆ 2019 ಹೆಚ್ಚು. ಆದರೆ ಆ ವರ್ಷ ತಂಡ 3-4 ಸಾಲಿಗೆ (ಮುಂದೆ ಮೂವರು ಲೈನ್‌ಮನ್‌ಗಳು, ನಾಲ್ವರು ಲೈನ್‌ಬ್ಯಾಕರ್‌ಗಳು) ಬದಲಾಯಿತು, ಶಾರ್ಟ್ ಗಾಯದಿಂದ ಬೇಗನೇ ಹೊರಗಾದರು, ಎದುರಾಳಿಗಳು ಓಡಿ ಓಡಿ ದಣಿಸಿದರು. ಪ್ರತಿ ಟ್ಯಾಕಲ್‌ನ ಪಕ್ಕ ಯಾರ್ಡ್ ಬರೆದವರಿಗೆ ಎರಡು ವರ್ಷಗಳ ವ್ಯತ್ಯಾಸ ಗೊತ್ತಾಗುತ್ತದೆ.

ಖಾಲಿ ಸಾಲುಗಳನ್ನೂ ಬಿಡಬಾರದು. ತಲೆಗೆ ಬಿದ್ದ ಪೆಟ್ಟಿನಿಂದ 2015ರಲ್ಲಿ 3 ಪಂದ್ಯ, 2016ರಲ್ಲಿ ಕೊನೆಯ 6, 2017ರಲ್ಲಿ 1 ತಪ್ಪಿದವು. ಲೀಗ್‌ನ ನಿಯಮದಂತೆ ಐದು ಹಂತ ದಾಟಿ, ತಂಡಕ್ಕೆ ಸೇರದ ನರತಜ್ಞರ ಒಪ್ಪಿಗೆಯಾದ ಮೇಲಷ್ಟೇ ಮೈದಾನ. 2017ರಿಂದ ಅವರ ಕತ್ತಿನಲ್ಲಿ ಕಾಣುವ ಪಟ್ಟಿ ಕ್ಯೂ-ಕಾಲರ್, ಕತ್ತಿನ ರಕ್ತನಾಳವನ್ನು ಮೆಲ್ಲಗೆ ಒತ್ತಿ ತಲೆಯೊಳಗಿನ ರಕ್ತದ ಪ್ರಮಾಣವನ್ನು ತುಸು ಹೆಚ್ಚಿಸುವ ಸಾಧನ. 2015ರ ಸೆಪ್ಟೆಂಬರ್‌ನಲ್ಲಿ ಸಹಿ ಹಾಕಿದ ಐದು ವರ್ಷಗಳ, ಸುಮಾರು 6.2 ಕೋಟಿ ಡಾಲರ್‌ಗಳ ಒಪ್ಪಂದ ಮುಗಿಯುವ ಮುಂಚೆಯೇ ಅವರು ಆಟ ಬಿಟ್ಟರು: 1,092 ಟ್ಯಾಕಲ್, 18 ಇಂಟರ್‌ಸೆಪ್ಷನ್ (ಎದುರಾಳಿಯ ಪಾಸ್ ಕಸಿದದ್ದು), ಏಳು ಪ್ರೊ ಬೌಲ್ (ವರ್ಷದ ತಾರಾ ಆಟಗಾರರ ಆಯ್ಕೆ). ಪ್ರತಿ ಪೆಟ್ಟಿನ ನಂತರದ ಮೊದಲ ಎರಡು ಮೂರು ಪಂದ್ಯಗಳನ್ನು ಶೀಟಿನಲ್ಲಿ ಬೇರೆ ಬಣ್ಣದಲ್ಲಿಡಿ, ಸೀಸನ್‌ನ ಸರಾಸರಿಗೆ ಸೇರಿಸಬೇಡಿ.

ಹೊಸದಾಗಿ ಶುರುಮಾಡುವವರು 2016ರ ಜನವರಿಯ ಎರಡು ಪ್ಲೇಆಫ್ ಪಂದ್ಯಗಳಿಂದ ಶುರುಮಾಡಿ: ಸಿಯಾಟಲ್ ವಿರುದ್ಧ 31-24, ಅರಿಝೋನಾ ವಿರುದ್ಧ 49-15. ಎರಡರಲ್ಲೂ ಕೀಕ್ಲಿ ಪಾಸ್ ಕಸಿದು ಟಚ್‌ಡೌನ್‌ವರೆಗೆ ಓಡಿದ್ದಾರೆ. ಆ ಎರಡು ಪ್ಲೇಗಳನ್ನು ಕೊನೆಗಿಟ್ಟುಕೊಂಡು ಮೊದಲು ಎದುರಾಳಿಯ ಮೊದಲ ಡೌನ್‌ನ ಓಟಗಳನ್ನಷ್ಟೇ ತೆಗೆದುಕೊಳ್ಳಿ. ಒಂದೊಂದು ಪ್ಲೇಯನ್ನೂ ನಾಲ್ಕು ಸಲ ನೋಡಬೇಕು: ಒಮ್ಮೆ ಗಾರ್ಡ್‌ಗಳನ್ನು, ಒಮ್ಮೆ ಬ್ಯಾಕ್‌ನನ್ನು, ಒಮ್ಮೆ 59ರ ಪಾದಗಳನ್ನು, ಒಮ್ಮೆ ಎಲ್ಲವನ್ನೂ ಒಟ್ಟಿಗೆ. ಗಾರ್ಡ್‌ನ ಹೆಲ್ಮೆಟ್ ನೋಡಿ ಓಟವೋ ಪಾಸೋ ಎಂದು ಚೌಕಟ್ಟು ನಿಲ್ಲಿಸಿಯೇ ಹೇಳಲು ಬಂದ ಮೇಲೆ ಪಾಸ್ ಪ್ಲೇಗಳಿಗೆ ಹೋಗಿ.