ಮಣ್ಣು ಒದ್ದೆ ಇದ್ದರೂ ಬಾಡುತ್ತಿದ್ದ ಪೀಸ್ ಲಿಲಿ

ನನ್ನ ಪೀಸ್ ಲಿಲಿಯ ಎಲೆಗಳು ಪೂರ್ತಿ ಜೋತು ಬಿದ್ದಿದ್ದವು. ಈ ಗಿಡ ಬಾಯಾರಿದಾಗಲೂ ಹೀಗೇ ಬಾಡುತ್ತದೆ, ನೀರು ಹಾಕಿದ ಕೆಲವೇ ಗಂಟೆಗಳಲ್ಲಿ ಎದ್ದು ನಿಲ್ಲುತ್ತದೆ. ಆದರೆ ಈ ಸಲ ಮಣ್ಣು ಮುಟ್ಟಿದರೆ ಒದ್ದೆಯೇ ಇತ್ತು. ಹಾಗಿದ್ದರೆ ತೊಂದರೆ ಬೇರಿನಲ್ಲೇ ಅಲ್ವಾ? ಇನ್ನೂ ನೀರು ಹಾಕುವುದು ಅಪಾಯ.

ಗಿಡವನ್ನು ಕುಂಡದಿಂದ ತೆಗೆದು ಬೇರು ತೊಳೆದೆ. ಚೆನ್ನಾಗಿರುವ ಬೇರು ಬೆಳ್ಳಗೆ, ಗಟ್ಟಿಯಾಗಿರುತ್ತದೆ. ಇಲ್ಲಿ ಅರ್ಧದಷ್ಟು ಬೇರು ಕಂದು ಬಣ್ಣಕ್ಕೆ ತಿರುಗಿ ಮೆತ್ತಗಾಗಿತ್ತು, ಕೆಟ್ಟ ವಾಸನೆ ಬೇರೆ. ಮಣ್ಣಿನ ಸಂದುಗಳಲ್ಲೆಲ್ಲ ನೀರೇ ತುಂಬಿಕೊಂಡರೆ ಬೇರಿಗೆ ಗಾಳಿ ಸಿಗುವುದಿಲ್ಲ. ಉಸಿರುಗಟ್ಟಿದ ಬೇರು ನೀರನ್ನೂ ಹೀರುವುದಿಲ್ಲ. ಅದಕ್ಕೇ ಸುತ್ತಲೂ ನೀರಿದ್ದರೂ ಎಲೆ ಬಾಡುವುದು.

ಸ್ಪಿರಿಟ್‌ನಲ್ಲಿ ಒರೆಸಿದ ಕತ್ತರಿಯಿಂದ ಕೊಳೆತದ್ದನ್ನೆಲ್ಲ ಕತ್ತರಿಸಿದೆ. ಹಳದಿ ಎಲೆಗಳನ್ನೂ ತೆಗೆದೆ. ಉಳಿದ ಬೇರಿಗೆ ತಕ್ಕಷ್ಟು ಚಿಕ್ಕ ಕುಂಡ ಆರಿಸಿದೆ. ತಳದಲ್ಲಿ ತೂತು ಇರಲೇಬೇಕು. ಕುಂಡ ಜಾಸ್ತಿ ದೊಡ್ಡದಾದರೆ ಬೇರಿಲ್ಲದ ಮಣ್ಣಿನಲ್ಲಿ ನೀರು ಸುಮ್ನೆ ನಿಂತುಬಿಡುತ್ತದೆ. ಕೋಕೋಪೀಟ್ (ತೆಂಗಿನ ನಾರಿನ ಪುಡಿ), ಪರ್ಲೈಟ್ (ಹಗುರವಾದ ಬಿಳಿ ಕಲ್ಲಿನ ಚೂರು) ಬೆರೆಸಿದ ಹಗುರ ಮಣ್ಣು ತುಂಬಿ, ನೇರ ಬಿಸಿಲು ಬೀಳದ ಕಿಟಕಿ ಪಕ್ಕ ಇಟ್ಟೆ. ಹೊಸ ಎಲೆ ಬರುವ ತನಕ ಗೊಬ್ಬರ ಹಾಕಲಿಲ್ಲ.

ಈಗ ನಡುವಿನಿಂದ ಸುರುಳಿ ಬಿಚ್ಚುತ್ತಾ ಎಲೆಗಳು ಬರುತ್ತಿವೆ, ನೋಡಿದರೆ ತುಂಬಾ ಖುಷಿಯಾಗುತ್ತದೆ! ನೀರಿಗೆ ದಿನದ ಲೆಕ್ಕ ಇಟ್ಟುಕೊಂಡಿಲ್ಲ. ಬೆರಳನ್ನು 2-3 ಸೆಂ.ಮೀ. ಇಳಿಸಿ ನೋಡಿ, ಒಣಗಿದ್ದರೆ ಮಾತ್ರ ಹಾಕುತ್ತೇನೆ. ಕತ್ತರಿಸಿದ ಎಲೆಗಳು ಮಕ್ಕಳ, ಬೆಕ್ಕು ನಾಯಿಗಳ ಬಾಯಿಗೆ ಹೋಗದಂತೆ ನೋಡಿಕೊಳ್ಳಿ. ಅವುಗಳಲ್ಲಿರುವ ಕ್ಯಾಲ್ಸಿಯಂ ಆಕ್ಸಲೇಟ್ ಹರಳುಗಳಿಂದ ಬಾಯಿ, ಗಂಟಲು ಉರಿಯುತ್ತದೆ.