ಕಂಡಕ್ಟರ್ ಗಂಟಲು, ಕಾಳಿ ನಾಲ್ಕರ ಪಟ್ಟಿ

ನಾನು ಬಸ್ ಕಂಡಕ್ಟರ್. ಕಲಬುರಗಿಯಿಂದ ಜೇವರ್ಗಿ ಮೇಲೆ ಶಹಾಪುರಕ್ಕೆ ಹೋಗಿಬರುವ ಡ್ಯೂಟಿ. ಅಮಾವಾಸ್ಯೆ ಬಂದರೆ ಊರಿನ ಭಜನೆಯಲ್ಲಿ ತತ್ವಪದ ಹಾಡುತ್ತೇನೆ. ಹಗಲು ಕೂಗೋದು, ರಾತ್ರಿ ಹಾಡೋದು. ಎರಡಕ್ಕೂ ಇರೋದು ಒಂದೇ ಗಂಟಲು ಅನ್ನೋದು ಹದಿನಾಲ್ಕು ವರ್ಷ ನನ್ನ ತಲೆಗೇ ಬಂದಿರಲಿಲ್ಲ.

ಹೋಳಿ ಮುಗಿದು ಬಿಸಿಲು ಏರುತ್ತಿದ್ದ ದಿನಗಳು. ಬೆಳಿಗ್ಗೆ ಸುಮಾರಾಗಿದ್ದ ದನಿ ಸಂಜೆಗೆ ಹಿಟ್ಟಿನ ಗಿರಣಿಯಂತೆ ಗರಗರ ಅನ್ನುತ್ತಿತ್ತು. ಪದದ ಏರು ಸಾಲಿಗೆ ಹೋದರೆ ಬಾಯಿಂದ ಬರೀ ಗಾಳಿ. ಜೇವರ್ಗಿಯಲ್ಲಿ ಹತ್ತಿದ ಮುದುಕಿಯೊಬ್ಬಳು, “ಯಾಕ್ ಯವ್ವಾ, ಗಂಟಲ ಕುಂತದೇನ?” ಅಂತ ಕೇಳಿ ಸೆರಗಿನ ಗಂಟಿನಿಂದ ಲವಂಗ ತೆಗೆದುಕೊಟ್ಟಳು. ಲವಂಗ ಆಯ್ತು, ಶುಂಠಿ ಆಯ್ತು, ಜ್ಯೇಷ್ಠಮಧು ಆಯ್ತು. ಅರಿಶಿನ ಹಾಲಂತೂ ಮನೆಯಲ್ಲಿ ದಿನಾ ಕಾಯುತ್ತಿತ್ತು. ಬಾಯಿಗೆ ಹಿತ ಅನಿಸಿತು, ದನಿ ಮಾತ್ರ ಅಲ್ಲೇ ಇತ್ತು.

ಒಂದು ವಾರ ರಜೆ ಹಾಕಿ ಮಾತು ಬಿಟ್ಟೆ. ಬಿಟ್ಟೆ ಅಂದರೆ ಪಿಸುಗುಟ್ಟುತ್ತಿದ್ದೆ. ಜೋರಾಗಿ ಪಿಸುಗುಟ್ಟಿದರೂ ಗಂಟಲು ಬಿಗಿದು ದಣಿಯುತ್ತದಂತೆ. ಅದು ಗೊತ್ತಾಗಿದ್ದು ಆಮೇಲೆ. ಗಳಿಗೆಗೊಮ್ಮೆ ‘ಹ್ಞುಂ ಹ್ಞುಂ’ ಅಂತ ಕೆರೆದು ಗಂಟಲು ಸರಿಮಾಡಿಕೊಳ್ಳುವ ಚಟ ಬೇರೆ ಇತ್ತು. ಅದು ಅದಕ್ಕಿಂತ ಕೆಟ್ಟದ್ದು.

ದನಿ ಮೂರು ವಾರ ದಾಟಿಯೂ ಸರಿಹೋಗದಿದ್ದರೆ ಕಿವಿ-ಮೂಗು-ಗಂಟಲು ಡಾಕ್ಟರಿಗೆ ತೋರಿಸಬೇಕು. ನಾನು ಹೋಗಿದ್ದು ಎರಡೂವರೆ ತಿಂಗಳಿಗೆ. (ಗುಟ್ಕಾ, ಬೀಡಿ ಇರುವವರು ದಯವಿಟ್ಟು ನನ್ನ ಹಾಗೆ ಕಾಯಬೇಡಿ.) ಡಾಕ್ಟರು ಸಣ್ಣ ಕ್ಯಾಮೆರಾ ಇಳಿಸಿ ಟಿವಿಯಲ್ಲಿ ತೋರಿಸಿದರು. ಎರಡು ಬಿಳಿ ಪಟ್ಟಿಗಳು ಮುಂದೆ ಕೂಡಿ ಹಿಂದೆ ಅಗಲವಾಗಿ ನಿಂತಿದ್ದವು. ಧ್ವನಿತಂತು ಅಂದರೆ ವೀಣೆಯ ತಂತಿ ಇದ್ದಹಾಗೆ ಇರುತ್ತದೆ ಅಂದುಕೊಂಡಿದ್ದೆ. ಇವು ತುಟಿಯ ಹಾಗಿದ್ದವು. ಎರಡರ ಅಂಚಿನಲ್ಲೂ ಎದುರುಬದುರು ಒಂದೊಂದು ಸಣ್ಣ ಗಂಟು. ಸಲಿಕೆ ಹಿಡಿದ ಕೈ ಜಡ್ಡುಗಟ್ಟುತ್ತಲ್ಲ, ಹಾಗೆ.

“ಆಪರೇಷನ್ ಬ್ಯಾಡ, ಮೊದಲ ಥೆರಪಿ ಮಾಡ್ರಿ” ಅಂದರು ಡಾಕ್ಟರು.

ಥೆರಪಿ ಹೇಳಿಕೊಟ್ಟ ಹುಡುಗಿಗೆ ನನ್ನ ಮಗಳಷ್ಟು ವಯಸ್ಸು. ಮಾತಾಡುವಾಗ ಗಂಡಸರ ಧ್ವನಿತಂತು ಸೆಕೆಂಡಿಗೆ ನೂರು-ನೂರಿಪ್ಪತ್ತು ಸಲ, ಹೆಂಗಸರದ್ದು ಇನ್ನೂರರ ಆಸುಪಾಸು ಸಲ ಬಡಿದುಕೊಳ್ಳುತ್ತವೆ ಅಂದಳು. ಕಂಡಕ್ಟರ್ ಬುದ್ಧಿ, ತಕ್ಷಣ ಲೆಕ್ಕ ಹಾಕಿದೆ. ದಿನಕ್ಕೆ ಒಟ್ಟು ಒಂದೇ ತಾಸು ದನಿ ಹೊರಡಿಸಿದರೂ 7 ಲಕ್ಷ 20 ಸಾವಿರ ಸಲ! ನಾನು ಒಂದು ತಾಸಿಗೆ ನಿಲ್ಲುವವಳಾ? ಇಂಥ ಗಂಟು ಗಂಡಸರಿಗಿಂತ ಹೆಂಗಸರಲ್ಲೇ ಜಾಸ್ತಿ ಕಾಣುವುದಕ್ಕೆ ಇದೂ ಒಂದು ಕಾರಣವಂತೆ.

ಅವಳು ಕೊಟ್ಟ ಮೊದಲ ಪಾಠಕ್ಕೆ ಬೇಕಾಗಿದ್ದು ಜ್ಯೂಸ್ ಕುಡಿಯುವ ಪೈಪು, ಅರ್ಧ ಲೋಟ ನೀರು. ಪೈಪಿನ ತುದಿ ಎರಡು ಬೆರಳಷ್ಟು ನೀರಿನಲ್ಲಿರಬೇಕು. ತುಟಿ ಮುಚ್ಚಿ ಹಿಡಿದು ಮೆಲ್ಲಗೆ ‘ಊ’ ಅನ್ನಬೇಕು. ನೀರು ಗುಳುಗುಳು ಅನ್ನುತ್ತದೆ. ಪೈಪಿನ ಸಣ್ಣ ಬಾಯಿಂದ ಗಾಳಿ ಸಲೀಸಾಗಿ ಹೊರಗೆ ಹೋಗದೆ ಒಂದಿಷ್ಟು ಒತ್ತಡ ಹಿಂದಕ್ಕೆ ಬರುತ್ತದೆ. ಅದರಿಂದ ತಂತುಗಳು ಜೋರಾಗಿ ಬಡಿದುಕೊಳ್ಳದೆ ಹಗುರಾಗಿ ತಾಗುತ್ತವೆ. ಎರಡನೆಯದು ತುಟಿ ಸಡಿಲ ಬಿಟ್ಟು ‘ಬುರ್ರ್’ ಅನ್ನೋದು, ಮಕ್ಕಳು ಬಸ್ ಓಡಿಸುವ ಆಟ ಆಡುತ್ತಾವಲ್ಲ, ಥೇಟ್ ಅದೇ. “ಅವ್ವಾ ಮನ್ಯಾಗೂ ಬಸ್ ಬಿಡ್ಲಿಕತ್ತಾಳ” ಅಂತ ಮಗ ಬಿದ್ದುಬಿದ್ದು ನಕ್ಕ. ಮೂರನೆಯದು ‘ಮ್’ ಅಂತ ಗುನುಗೋದು. ನಡುಕ ಗಂಟಲಲ್ಲಿ ಅಲ್ಲ, ತುಟಿ ಮತ್ತು ಮೂಗಿನ ಹತ್ತಿರ ತಿಳಿಯಬೇಕು. ಒಂದು ಸಲಕ್ಕೆ ಐದು ನಿಮಿಷ, ದಿನಕ್ಕೆ ನಾಲ್ಕು ಸಲ. ಡಿಪೋದಲ್ಲಿ ಬಸ್ಸಿನ ಹಿಂದೆ ನಿಂತೂ ಮಾಡಿದ್ದೇನೆ.

ಇಷ್ಟು ಮಾಡಿ ಮತ್ತೆ ಬಸ್ಸಿನಲ್ಲಿ ಕಿರುಚಿದರೆ ಎಲ್ಲಾ ನೀರಿನಲ್ಲಿ ಹೋಮ. ನಾನು ಕಿರುಚುತ್ತೇನೆ ಅನ್ನೋದನ್ನೇ ಒಪ್ಪಿರಲಿಲ್ಲ. ಥೆರಪಿಯವಳು ನನ್ನ ಕಿವಿಗೆ ಹೆಡ್‌ಫೋನ್ ಹಾಕಿ ಗದ್ದಲ ಬಿಟ್ಟು, “ಈಗ ಮಾತಾಡ್ರಿ” ಅಂದಳು. ಅದನ್ನು ಮೊಬೈಲಿನಲ್ಲಿ ರೆಕಾರ್ಡ್ ಮಾಡಿ ಕೇಳಿಸಿದಳು. ನಾಚಿಕೆ ಆಯ್ತು. ಸುತ್ತ ಗದ್ದಲ ಇದ್ದರೆ ನಮಗೆ ಗೊತ್ತಿಲ್ಲದೇ ದನಿ ಏರುತ್ತದೆ. 1911ರಲ್ಲಿ ಲೊಂಬಾರ್ಡ್ ಅನ್ನುವ ಫ್ರಾನ್ಸಿನ ಡಾಕ್ಟರು ಇದನ್ನು ಬರೆದರಂತೆ, ಅವರ ಹೆಸರೇ ಅದಕ್ಕೆ ನಿಂತಿದೆ. ಶಹಾಪುರದ ಬಸ್ಸನ್ನು ಅವರು ನೋಡಿರಲಿಕ್ಕಿಲ್ಲ, ಆದರೂ ಸರಿಯಾಗಿ ಹೇಳಿದ್ದಾರೆ.

2023ರ ಜೂನ್‌ನಲ್ಲಿ ಶಕ್ತಿ ಯೋಜನೆ ಬಂದ ಮೇಲೆ ಬಸ್ಸಿನಲ್ಲಿ ನಮ್ಮ ಹೆಣ್ಣುಮಕ್ಕಳು ತುಂಬಿರುತ್ತಾರೆ. ನನಗದು ಖುಷಿಯೇ. ಆದರೆ ಒಬ್ಬೊಬ್ಬರಿಗೂ ಆಧಾರ್ ಕೇಳಿ, ಊರು ಕೇಳಿ ಜೀರೋ ಟಿಕೆಟ್ ಕೊಡಬೇಕು. ಈಗ ಗಾಡಿ ಸ್ಟ್ಯಾಂಡಿನಲ್ಲಿ ಬಂದಾಗಿ ನಿಂತಾಗಲೇ ಅರ್ಧ ಟಿಕೆಟ್ ಮುಗಿಸುತ್ತೇನೆ. ಹಿಂದಿನ ಸೀಟಿನವರನ್ನು ನಿಂತಲ್ಲಿಂದ ಕೂಗುವುದಿಲ್ಲ, ಹತ್ತಿರ ಹೋಗುತ್ತೇನೆ. ಕಂಬಿಗೆ ಪೆನ್ನಿನಿಂದ ಟಣ್ ಟಣ್ ಬಡಿದರೆ ಎಲ್ಲರೂ ತಿರುಗುತ್ತಾರೆ. ‘ರೈಟ್ ರೈಟ್’ ಅನ್ನುವ ಕೆಲಸ ಸೀಟಿಯದ್ದು. ಅದು ಇಷ್ಟು ವರ್ಷ ಜೇಬಿನಲ್ಲೇ ಇತ್ತು ನೋಡಿ.

ನೀರಿನದ್ದು ಬೇರೆಯೇ ಕಥೆ. ಕುಡಿದ ನೀರು ಧ್ವನಿತಂತಿನ ಮೇಲೆ ಬೀಳುವುದಿಲ್ಲ, ಬಿದ್ದರೆ ಕೆಮ್ಮು ಬರುತ್ತದೆ. ಮೈಗೆಲ್ಲ ಸೇರಿ, ಆಮೇಲೆ ಅಲ್ಲಿಗೆ ತೇವ ತಲುಪಬೇಕು. ಹಾಗಾಗಿ ಬೆಳಿಗ್ಗೆಯಿಂದಲೇ ಗುಟುಕು ಗುಟುಕಾಗಿ ಕುಡಿಯುತ್ತಿರಬೇಕು. ಆದರೆ ಕುಡಿದರೆ ಹೋಗೋದೆಲ್ಲಿ? ಹೆಣ್ಣು ಕಂಡಕ್ಟರುಗಳು ನಾವು 42 ಡಿಗ್ರಿ ಬಿಸಿಲಿನಲ್ಲೂ ನೀರು ಮುಟ್ಟದೆ ಟ್ರಿಪ್ ಮುಗಿಸುವುದು ಇದಕ್ಕೇ. ಈಗ ಯಾವ ಊರಿನ ಸ್ಟ್ಯಾಂಡಿನಲ್ಲಿ ಶೌಚಾಲಯ ಸ್ವಚ್ಛ ಇರುತ್ತದೆ ಅಂತ ತಿಳಿದುಕೊಂಡು, ಅದರ ಮೇಲೆ ನೀರಿನ ಲೆಕ್ಕ ಇಟ್ಟಿದ್ದೇನೆ. ಭಜನೆ ಮುಗಿಸಿ ನಡುರಾತ್ರಿ ಮಿರ್ಚಿ ಭಜಿ ತಿಂದು ಹಾಗೇ ಮಲಗುವುದನ್ನೂ ಬಿಟ್ಟೆ. ಹೊಟ್ಟೆಯ ಹುಳಿ ಮೇಲೆ ಬಂದು ಗಂಟಲು ಸುಡುತ್ತಿತ್ತು. ಶೇಂಗಾ ಹಿಂಡಿ ಬಿಡಲು ಮಾತ್ರ ಆಗಿಲ್ಲ.

ಕೊನೆಗೆ ಉಳಿದಿದ್ದು ಪಟ್ಟಿ, ಅಂದರೆ ಹಾಡೋಕೆ ಹಿಡಿಯುವ ಶ್ರುತಿ. ನಮ್ಮ ಭಜನೆಯಲ್ಲಿ ಪೆಟ್ಟಿಗೆ (ಹಾರ್ಮೋನಿಯಂ) ನುಡಿಸುವುದು ನಮ್ಮ ಕಾಕಾ. ಅವರದು ಕಾಳಿ ಒಂದು, ಅಂದರೆ ಮೊದಲನೇ ಕಪ್ಪು ಮನೆಯನ್ನು ಷಡ್ಜ ಮಾಡಿಕೊಂಡದ್ದು, ಗಂಡಸರಿಗೆ ಹೇಳಿ ಮಾಡಿಸಿದ ಪಟ್ಟಿ. ಅದೇ ಷಡ್ಜಕ್ಕೆ ನಾನು ಸೇರಿದರೆ ದನಿ ನೆಲ ಹಿಡಿಯುತ್ತದೆ, ಯಾರಿಗೂ ಕೇಳುವುದಿಲ್ಲ. ಅದಕ್ಕೆ ಇಷ್ಟು ವರ್ಷ ಒಂದು ಸಪ್ತಕ ಮೇಲೆ ಹಾಡಿದೆ. ಅದು ಹಾಡಲ್ಲ, ಕೂಗು. ಹಗಲು ಎಂಜಿನ್ನಿನ ಜೊತೆ, ರಾತ್ರಿ ಗಂಡಸರ ಪಟ್ಟಿಯ ಜೊತೆ ಜಿದ್ದಿಗೆ ಬಿದ್ದಿದ್ದೆ. ಎಲ್ಲೂ ನನ್ನ ದನಿಗೆ ತಕ್ಕ ಜಾಗ ಕೇಳಿರಲಿಲ್ಲ.

ಕೇಳಿದೆ. ಕಾಕಾ, “ಪಟ್ಟಿ ಬದ್ಲಿ ಮಾಡಿದ್ರ ಪದದ ಮಜಾನೇ ಹೋಗ್ತದವ್ವಾ” ಅಂದರು. ಎರಡು ಅಮಾವಾಸ್ಯೆ ನಾನು ಬರೀ ತಾಳ ಹಾಕಿದೆ. ಮೂರನೆಯದಕ್ಕೆ ಅವರೇ, “ಎಲ್ಲಿಗೆ ಹಿಡೀಲಿ, ಹೇಳು” ಅಂದರು. ಹುಡುಕಿ ಹುಡುಕಿ ಕಾಳಿ ನಾಲ್ಕಕ್ಕೆ ನಿಂತೆವು. ಗಂಡಸರು ಮುಂದೆ ಹಾಡಿದಾಗ ಅವರ ಪಟ್ಟಿ, ನಾನು ಹಾಡಿದಾಗ ನನ್ನದು. ತತ್ವಪದದಲ್ಲಿ ಒಬ್ಬರು ಸಾಲು ಹೇಳಿದರೆ ಹಿಂದಿನವರೆಲ್ಲ ಅದನ್ನೇ ಎತ್ತಿ ಹೇಳುತ್ತಾರಲ್ಲ. ಅಷ್ಟು ಹೊತ್ತು ನಾನು ಬಾಯಿ ಮುಚ್ಚಿ ಉಸಿರು ತಗೋತೀನಿ. ಮೊದಲು ಅವರ ಜೊತೆಗೂ ಚೀರುತ್ತಿದ್ದೆ.

ನಾಲ್ಕು ತಿಂಗಳಿಗೆ ಮತ್ತೆ ಕ್ಯಾಮೆರಾ ಹಾಕಿಸಿದೆ. ಎಡಗಡೆ ಗಂಟು ಕಾಣಲೇ ಇಲ್ಲ. ಬಲಗಡೆ ಸಾಸಿವೆಯಷ್ಟು ಉಳಿದಿದೆ. ನಿದ್ದೆ ಕೆಟ್ಟ ದಿನ ಏರು ದನಿ ಈಗಲೂ ಒಡೆಯುತ್ತದೆ.

ಮರೆಯದಿರಲಿ ಅಂತ ಪೆಟ್ಟಿಗೆಯ ಕಾಳಿ ನಾಲ್ಕರ ಮನೆಗೆ ನನ್ನ ಹಣೆಯ ಟಿಕಳಿ ತೆಗೆದು ಹಚ್ಚಿದ್ದೆ. ಬೆವರಿಗೆ ಅದು ಉದುರುತ್ತಿರುತ್ತದೆ. ಹೋದ ಅಮಾವಾಸ್ಯೆ ನಾನು ಒಳಗೆ ಕಾಲಿಡುವ ಮೊದಲೇ ಕಾಕಾ ಕೇಳಿದರು, “ಟಿಕಳಿ ಪಾಕೀಟ್ ತಂದೀಯೇನ?”