ಮನೆಯಂಗಳದಲ್ಲಿ ಬೀಫ್ ಸಾತೆ: ನಾಲ್ಕು ಇಟ್ಟಿಗೆ, ಒಂದು ಬೀಸಣಿಗೆ

ಸಾತೆ ಅಂದರೆ ಮಸಾಲೆ ಹಚ್ಚಿದ ಮಾಂಸದ ಚೂರುಗಳನ್ನು ಕಡ್ಡಿಗೆ ಪೋಣಿಸಿ ಕೆಂಡದ ಮೇಲೆ ಸುಟ್ಟಿದ್ದು. ಮಲೇಷ್ಯಾದಲ್ಲಿ ಅದಕ್ಕೆ ಹೆಸರಾದ ಊರು ಕಾಜಾಂಗ್. ಕ್ವಾಲಾಲಂಪುರದಿಂದ ಸುಮಾರು 20 ಕಿಲೋಮೀಟರ್. ನಾವಿರುವುದು ಅದರ ಪಕ್ಕದಲ್ಲೇ. ಅಲ್ಲಿ ಅಷ್ಟು ಚೆನ್ನಾಗಿ ಸಿಗುವಾಗ ಮನೆಯಲ್ಲಿ ಹೊಗೆ ಯಾಕೆ ಕುಡಿಯುತ್ತೀರಿ ಅಂತ ಕೇಳುವವರಿದ್ದಾರೆ. ಕೆಂಡದಿಂದ ತೆಗೆದ ಮರುಕ್ಷಣವೇ ನಿಂತಲ್ಲೇ ತಿನ್ನುವುದಕ್ಕೆ, ಮತ್ಯಾಕೆ?

ಇಲ್ಲಿ ಸಿಗುವ ಅಗ್ಗದ ಫ್ರೋಜನ್ ಬೀಫ್ ಹೆಚ್ಚಾಗಿ ನಮ್ಮ ದೇಶದಿಂದಲೇ ಬಂದ ಎಮ್ಮೆ ಮಾಂಸ. ಕೊಬ್ಬು ಕಡಿಮೆ, ನಾರು ಜಾಸ್ತಿ. ಸಾತೆಗೆ ಅದು ಧಾರಾಳವಾಗಿ ಆಗುತ್ತದೆ. ಅರ್ಧ ಕರಗಿರುವಾಗಲೇ, ಇನ್ನೂ ಗಟ್ಟಿ ಇರುವಾಗಲೇ ಕೊಯ್ಯುತ್ತೇನೆ. ಚಾಕು ನಾರಿಗೆ ಅಡ್ಡಲಾಗಿ ಹೋಗಬೇಕು. ಅರ್ಧ ಸೆಂಟಿಮೀಟರ್ ದಪ್ಪ, ಹೆಬ್ಬೆರಳಿನಷ್ಟು ಅಗಲ. ಇದಕ್ಕಿಂತ ದಪ್ಪ ಮಾಡಿದರೆ ಒಳಗೆ ಬೇಯುವಷ್ಟರಲ್ಲಿ ಹೊರಗೆ ಕರಟಿರುತ್ತದೆ.

1 ಕಿಲೋ ಮಾಂಸಕ್ಕೆ ನಾಲ್ಕು ದಂಟು ಮಜ್ಜಿಗೆ ಹುಲ್ಲು (ಬುಡದ ಬಿಳಿ ಭಾಗ ಮಾತ್ರ), ಹತ್ತು ಸಾಂಬಾರ್ ಈರುಳ್ಳಿ, ಎರಡು ಇಂಚು ಲೆಂಕುವಾಸ್ (ಶುಂಠಿ ಜಾತಿಯ ಗೆಡ್ಡೆ, ಇಂಗ್ಲಿಷಿನಲ್ಲಿ ಗ್ಯಾಲಂಗಲ್), ಸ್ವಲ್ಪ ಶುಂಠಿ, ಬೆಳ್ಳುಳ್ಳಿ ನುಣ್ಣಗೆ ರುಬ್ಬುತ್ತೇನೆ. ಅದಕ್ಕೆ ಕೊತ್ತಂಬರಿ, ಜೀರಿಗೆ, ಸೋಂಪಿನ ಪುಡಿ, ಒಂದು ದೊಡ್ಡ ಚಮಚ ಅರಿಶಿನ, ಉಪ್ಪು, ಎಣ್ಣೆ. ಜೊತೆಗೆ ನಾಲ್ಕು ದೊಡ್ಡ ಚಮಚ ಸಕ್ಕರೆ. ಹೌದು, ನಾಲ್ಕು. ಮಂಗಳೂರಿನ ಅತ್ತೆ ಇದನ್ನು ಕೇಳಿ ಪಾಯಸವಾ ಅಂದಿದ್ದರು. ಆದರೆ ಸಾತೆಯ ಹೊಳಪು, ಅಂಚಿನ ಕಪ್ಪು, ಆ ಘಮ ಎಲ್ಲ ಬರುವುದು ಸಕ್ಕರೆ ಸುಡುವುದರಿಂದ. ರಾತ್ರಿಯಿಡೀ ಫ್ರಿಜ್ಜಿನಲ್ಲಿ ಇಡುತ್ತೇನೆ. ಅವಸರವಿದ್ದರೆ ಒಂದು ಚಮಚ ಅನಾನಸ್ ರಸ ಹಾಕಿ ಅರ್ಧ ಗಂಟೆ ಬಿಟ್ಟರೂ ಸಾಕು. ಅನಾನಸ್ ಹಾಕಿ ರಾತ್ರಿಯಿಡೀ ಮಾತ್ರ ಬಿಡಬೇಡಿ, ಮಾಂಸ ಹಿಟ್ಟಾಗುತ್ತದೆ.

ಹಿಂದೆ ಇಲ್ಲಿ ತೆಂಗಿನ ಗರಿಯ ಕಡ್ಡಿಗೇ ಮಾಂಸ ಪೋಣಿಸುತ್ತಿದ್ದರು. ಈಗ ಬಿದಿರು ಕಡ್ಡಿ, ಅರ್ಧ ಗಂಟೆ ನೀರಲ್ಲಿ ನೆನೆಸಿದ್ದು. ನಾಲ್ಕೈದು ಚೂರು ಪೋಣಿಸಿ, ನಡುವೆ ಒಂದು ಚೂರು ಕೊಬ್ಬು. ಒಣ ಮಾಂಸಕ್ಕೆ ಎಣ್ಣೆ ಹಚ್ಚುವ ಕೆಲಸ ಆ ಕೊಬ್ಬೇ ಮಾಡುತ್ತದೆ.

ಇನ್ನು ಬೆಂಕಿ. ಮನೆಯ ಸಾತೆ ಕೆಡುವುದು ಮಸಾಲೆಯಿಂದಲ್ಲ, ಒಲೆಯಿಂದ. ಬಾರ್ಬೆಕ್ಯೂ ಗ್ರಿಲ್‌ನ ಜಾಲರಿ ಮೇಲೆ ಇಟ್ಟರೆ ಸಕ್ಕರೆ ಅಂಟಿಕೊಳ್ಳುತ್ತದೆ, ಕಡ್ಡಿಗೆ ಬೆಂಕಿ ಹತ್ತುತ್ತದೆ. ಅಂಗಡಿಯವರ ಒಲೆ ಉದ್ದನೆಯ ಕಿರಿದಾದ ತೊಟ್ಟಿ, ಜಾಲರಿಯೇ ಇಲ್ಲ. ಮಾಂಸ ಮಾತ್ರ ಕೆಂಡದ ಮೇಲೆ, ಹಿಡಿ ಹೊರಗೆ. ನಾನು ಅಂಗಳದ ಸಿಮೆಂಟಿನ ಮೇಲೆ ಒಂದು ಕಬ್ಬಿಣದ ತಟ್ಟೆ ಇಟ್ಟು, ಎರಡೂ ಬದಿಗೆ ಎರಡೆರಡು ಇಟ್ಟಿಗೆಗಳನ್ನು ಮಗ್ಗುಲಾಗಿ ನಿಲ್ಲಿಸುತ್ತೇನೆ. ನಡುವೆ ಒಂದು ಗೇಣಿಗಿಂತ ಸ್ವಲ್ಪ ಕಡಿಮೆ ಜಾಗ. ಕಡ್ಡಿಯ ತುದಿ ಒಂದು ಇಟ್ಟಿಗೆ ಮೇಲೆ, ಹಿಡಿ ಇನ್ನೊಂದರ ಮೇಲೆ. ಮಾಂಸದಿಂದ ಕೆಂಡಕ್ಕೆ ಮೂರ್ನಾಲ್ಕು ಬೆರಳಷ್ಟೇ ದೂರ. ಇದ್ದಿಲು ಕಾಂಡ್ಲಾ ಮರದ್ದು, ಪೆರಾಕ್ ರಾಜ್ಯದ ಕ್ವಾಲಾ ಸೆಪೆತಾಂಗ್ ಊರಿನ ಗೂಡುಗಳಲ್ಲಿ ಸುಡುತ್ತಾರಲ್ಲ, ಅದು. ಬೂದಿ ಮುಸುಕುವವರೆಗೆ ಕಾಯಲೇಬೇಕು.

ಆಮೇಲೆ ಕೈಗೆ ಬಿಡುವಿಲ್ಲ. ಒಂದು ಕೈಯಲ್ಲಿ ಬೀಸಣಿಗೆ, ಇನ್ನೊಂದರಲ್ಲಿ ಕಡ್ಡಿ ಹೊರಳಿಸುವುದು. ಕೊಬ್ಬು ತೊಟ್ಟಿಕ್ಕಿದಾಗ ಜ್ವಾಲೆ ಏಳುತ್ತದೆ, ಕಡ್ಡಿಗಳನ್ನು ಹಿಡಿಯಾಗಿ ಎತ್ತಿ ಅದು ಅಡಗಿದ ಮೇಲೆ ಮತ್ತೆ ಇಡುತ್ತೇನೆ. ಮಜ್ಜಿಗೆ ಹುಲ್ಲಿನ ಒಂದು ದಂಟಿನ ತುದಿ ಜಜ್ಜಿದರೆ ಕುಂಚದ ಹಾಗೆ ಬಿಚ್ಚಿಕೊಳ್ಳುತ್ತದೆ. ಅದನ್ನು ಎಣ್ಣೆಯಲ್ಲಿ ಅದ್ದಿ ಸವರುವುದು. ಐದು ನಿಮಿಷಕ್ಕೆ ಮುಗಿಯಿತು. ಬೀಫ್ ಒಂದು ನಿಮಿಷ ಜಾಸ್ತಿಯಾದರೂ ರಬ್ಬರು.

ಶೇಂಗಾ ಸಾಸ್ ಹಿಂದಿನ ದಿನವೇ ಮಾಡಿಡಬಹುದು. ನೆನೆಸಿದ ಒಣಮೆಣಸು, ಈರುಳ್ಳಿ, ಲೆಂಕುವಾಸ್ ರುಬ್ಬಿ ಎಣ್ಣೆ ಬಿಡುವವರೆಗೆ ಹುರಿದು, ಹುಣಸೆ ನೀರು, ತಾಳೆಬೆಲ್ಲ, ತರಿತರಿ ಕುಟ್ಟಿದ ಹುರಿದ ಶೇಂಗಾ. ಪೀನಟ್ ಬಟರ್ ಹಾಕುವವರ ಬಗ್ಗೆ ಏನೂ ಹೇಳುವುದಿಲ್ಲ. ಜೊತೆಗೆ ಹಸಿ ಈರುಳ್ಳಿ, ಸೌತೆಕಾಯಿ, ಒತ್ತಿ ತುಂಡು ಮಾಡಿದ ಅನ್ನ.

ಬರುವ ಕನ್ನಡದ ಗೆಳೆಯರಲ್ಲಿ ಬೀಫ್ ತಿನ್ನದವರೇ ಜಾಸ್ತಿ. ಅವರಿಗೆ ಅದೇ ಮಸಾಲೆಯಲ್ಲಿ ಕೋಳಿ ತೊಡೆ, ಬೇರೆ ಪಾತ್ರೆಯಲ್ಲಿ. ಕೋಳಿಯನ್ನು ಮೊದಲು ಸುಟ್ಟು ಮುಗಿಸಿ, ಬೀಫ್ ಆಮೇಲೆ. ಎಣ್ಣೆಯ ದಂಟೂ ಬೇರೆ. ಸುಟ್ಟ ಮೇಲೆ ಎರಡೂ ಒಂದೇ ಥರ ಕಾಣುತ್ತವೆ, ಅದಕ್ಕೇ ಬೀಫ್ ಕಡ್ಡಿಗಳ ಹಿಡಿಗೆ ಮೊದಲೇ ಕೆಂಪು ದಾರ ಕಟ್ಟಿಡುತ್ತೇನೆ.